ವಾರಿಜಕ್ಕನ ಕೊಡೆಯ ಆಕಾಶ

ವಾರಿಜಕ್ಕ, ನಿಮ್ಮ ಕೊಡೆಯೊಳಗಿನ ಆಕಾಶ ಸರಿಯಾಗಿಯೇ ಇತ್ತು. ಒಂದು ನಕ್ಷತ್ರವೂ ತಪ್ಪಿರಲಿಲ್ಲ. ಇದು ನನಗೆ ಈಗ ತಿಳಿದದ್ದಲ್ಲ — ಆ ದಿನ ಬಂಟ್ವಾಳದ ಶಾಲೆಯ ಅಂಗಳದಲ್ಲಿ, ತಪಾಸಣೆಗೆ ಬಂದ ಇನ್ಸ್‌ಪೆಕ್ಟರರ ಪಕ್ಕದಲ್ಲಿ ನಿಂತಿದ್ದಾಗಲೇ ಗೊತ್ತಿತ್ತು. ಗೊತ್ತಿದ್ದೂ ಅರ್ಧ ಮಾತು ಹೇಳಿದೆ. ಉಳಿದರ್ಧವನ್ನು ನುಂಗಿಕೊಂಡು ಹನ್ನೆರಡು ವರ್ಷ ಕಳೆದೆ.

ಈ ಕಾಗದವನ್ನು ಎಷ್ಟು ಸಲ ಸುರುಮಾಡಿದೆನೋ ಲೆಕ್ಕವಿಲ್ಲ. ಉಭಯ ಕುಶಲೋಪರಿ ಎಂದು ಬರೆಯುವುದು, ಮೂಡಬಿದ್ರೆಯ ಸೆಕೆ, ಹೈಸ್ಕೂಲಿನ ಮಕ್ಕಳ ತಂಟೆ, ಎಲ್ಲ ಬರೆಯುವುದು, ಆಮೇಲೆ — ಆಮೇಲೆ ಏನು? ಪೆನ್ನು ಅಲ್ಲೇ ನಿಲ್ಲುತ್ತಿತ್ತು. ಹಾಗಾಗಿ ಈ ಸಲ ಕುಶಲವನ್ನು ಬಿಟ್ಟು ತಪ್ಪಿನಿಂದಲೇ ಆರಂಭಿಸಿದ್ದೇನೆ.

ರಾಜ್ಯ ಒಂದಾದ ಮರುವರ್ಷ ಅದು. ನಾವಿಬ್ಬರೂ ಹಂಗಾಮಿ ಟೀಚರುಗಳು. ನಾನು ಮಂಗಳೂರಿನಲ್ಲಿ ಎರಡು ವರ್ಷ ಕಾಲೇಜು ಓದಿ, ಟ್ರೈನಿಂಗ್ ಮುಗಿಸಿ, ಸೈನ್ಸ್ ಕಲಿತವಳು ಎಂಬ ಕೊಂಬು ಹೊತ್ತು ಬಂದಿದ್ದೆ. ನೀವು ಎಂಟನೇ ಕ್ಲಾಸಿನ ಮೇಲೆ ಟ್ರೈನಿಂಗ್ ಮಾಡಿದವರು, ನನಗಿಂತ ಏಳು ವರ್ಷ ದೊಡ್ಡವರು, ಬಂಟ್ವಾಳದಿಂದ ಮಂಗಳೂರಿಗೆ ಸಾಮಾನು ಸಾಗಿಸುತ್ತಿದ್ದ ದೋಣಿಯವರ ಮಗಳು. ಪಾಣೆಮಂಗಳೂರಿನ ಕಡೆ ಒಂದೇ ಕೋಣೆಯಲ್ಲಿ ನಮ್ಮ ಬಿಡಾರ. ನೀವು ಗಂಜಿ ಬೇಯಿಸುತ್ತಿದ್ದಿರಿ, ನಾನು ಚಟ್ನಿ ಕೆಡಿಸುತ್ತಿದ್ದೆ.

ನಿಮ್ಮ ತಂದೆಯವರ ಹತ್ತಿರ ಗಡಿಯಾರವಿರಲಿಲ್ಲ. ಬೆಳಗಿನ ಜಾವ ದೋಣಿ ಬಿಡುವ ಹೊತ್ತನ್ನು ಅವರು ಆಕಾಶದಲ್ಲಿ ಓದುತ್ತಿದ್ದರು, ಮಡಿಲಲ್ಲಿ ಕೂತ ನಿಮಗೂ ಓದಿಸಿದ್ದರು. ಸಪ್ತರ್ಷಿಗಳು ನಿಮ್ಮ ಬಾಯಲ್ಲಿ ಬರೇ "ಆ ಏಳು ಜನ". ಯಾವ ತಿಂಗಳಲ್ಲಿ, ಯಾವ ಹೊತ್ತಿಗೆ ಆ ಏಳು ಜನ ಹೊಳೆಯ ಯಾವ ತಿರುವಿನ ಮೇಲೆ ನಿಂತಿರುತ್ತಾರೆ ಎಂದು ಕಣ್ಣುಮುಚ್ಚಿ ಹೇಳುತ್ತಿದ್ದಿರಿ. ನನಗೆ ಪುಸ್ತಕದ ಹೆಸರುಗಳು ಗೊತ್ತಿದ್ದವು. ಆಕಾಶಕ್ಕೆ ಬೆರಳು ಮಾಡಿ ತೋರಿಸು ಎಂದರೆ ತಬ್ಬಿಬ್ಬಾಗುತ್ತಿದ್ದೆ.

ತಂದೆಯವರು ತೀರಿಹೋದ ಮೇಲೆ ನಿಮ್ಮ ಪಾಲಿಗೆ ಬಂದದ್ದು ಅವರ ಕರಿ ಕೊಡೆ, ಬೆತ್ತದ ಹಿಡಿಯದ್ದು. ಆ ಬೇಸಗೆಯ ಸುರುವಿನ ಸಂಜೆಗಳಲ್ಲಿ ನೇತ್ರಾವತಿಯ ಮರಳಿನ ಮೇಲೆ ನೀವು ಅದನ್ನು ಬಿಡಿಸಿ ಉತ್ತರಕ್ಕೆ ಹಿಡಿಯುತ್ತಿದ್ದಿರಿ. ಕೊಡೆಯ ಕೋಲು ಧ್ರುವನ ಕಡೆಗೆ. ನಮ್ಮೂರಲ್ಲಿ ಧ್ರುವ ಮರದ ತಲೆಗಿಂತ ತುಸು ಮೇಲೆ ಅಷ್ಟೆ, ಹಾಗಾಗಿ ಕೊಡೆ ಹೆಚ್ಚುಕಡಿಮೆ ಮಲಗಿಯೇ ಇರಬೇಕು. ಅದರ ಹಿಂದೆ ಕೂತು, ಒಮ್ಮೆ ಆಕಾಶ ನೋಡಿ, ಒಮ್ಮೆ ಬಟ್ಟೆಯ ಒಳಮೈ ನೋಡಿ, ಸೀಮೆಸುಣ್ಣದಲ್ಲಿ ಚುಕ್ಕಿ ಇಡುತ್ತಿದ್ದಿರಿ. ತುದಿಯಿಂದ ಎಷ್ಟು ಬೆರಳು ಕೆಳಗೆ, ಯಾವ ಕಡ್ಡಿಯಿಂದ ಎಷ್ಟು ಬೆರಳು ಈಚೆಗೆ — ಒಂದು ನಕ್ಷತ್ರಕ್ಕೆ ಈ ಎರಡು ಲೆಕ್ಕ. ಮರುದಿನ ಆ ಚುಕ್ಕಿಗಳಿಗೆಲ್ಲ ಸೂಜಿಯಿಂದ ತೂತು.

"ಧ್ರುವನಿಗೆ ತೂತು ಬೇಡವಾ?" ಎಂದು ನಾನು ಕೇಳಿದ್ದೆ.

"ಅವನಿಗೆ ಎಂತಕ್ಕೆ ಮಾರಾಯ್ತಿ? ಅವನೇ ಕೋಲು ಅಲ್ವಾ" ಎಂದಿರಿ. ಆಮೇಲೆ ಕಡ್ಡಿಗಳನ್ನು ಎಣಿಸಿ, "ಎಂಟು ಕಡ್ಡಿ. ಒಂದು ಕಡ್ಡಿ ಇದ್ದಲ್ಲಿಗೆ ಇನ್ನೊಂದು ಬರ್ಲಿಕ್ಕೆ ಮೂರು ಗಂಟೆ ಬೇಕು" ಎಂದಿರಿ.

ನನ್ನ ಕಾಲೇಜು ಪುಸ್ತಕದಲ್ಲಿ ಇದಕ್ಕೆ ಹತ್ತು ಪುಟವಿತ್ತು. ಆಕಾಶವನ್ನು ಒಂದು ದೊಡ್ಡ ಗೋಳವೆಂದು ಭಾವಿಸಬೇಕು, ನಾವು ಅದರ ನಡುವೆ ಇದ್ದೇವೆ, ಧ್ರುವಬಿಂದುವಿನಿಂದ ಗೆರೆಗಳು ಇಳಿಯುತ್ತವೆ, ಭೂಮಿಯ ಮೇಲೆ ಊರುಗಳನ್ನು ಗುರುತಿಸುವ ಹಾಗೆ ಆ ಗೆರೆಗಳಿಂದ ನಕ್ಷತ್ರಗಳನ್ನು ಗುರುತಿಸಬೇಕು, ಇಪ್ಪತ್ತನಾಲ್ಕು ಗಂಟೆಗೆ ಗೋಳ ಒಂದು ಸುತ್ತು ಬಂದ ಹಾಗೆ ಕಾಣುತ್ತದೆ... ಪರೀಕ್ಷೆಗೆ ಬಾಯಿಪಾಠ ಮಾಡಿ, ಪರೀಕ್ಷೆ ಮುಗಿದ ಸಂಜೆಯೇ ಮರೆತಿದ್ದೆ. ನೀವು ಅದನ್ನು ಒಂದು ಹಳೆ ಕೊಡೆಯಲ್ಲಿ ಮಡಚಿ ಕಂಕುಳಲ್ಲಿ ಇಟ್ಟುಕೊಂಡು ಓಡಾಡುತ್ತಿದ್ದಿರಿ. ನನಗೆ ಆಶ್ಚರ್ಯವಾಯಿತು. ಸ್ವಲ್ಪ ಉರಿಯಿತು ಕೂಡ.

ಶಾಲೆಯ ಉತ್ತರದ ಜಗಲಿಯಲ್ಲಿ ನೀವು ಮಕ್ಕಳನ್ನು ಇಬ್ಬಿಬ್ಬರಾಗಿ ಕೊಡೆಯ ಹಿಂದೆ ಕೂರಿಸುತ್ತಿದ್ದಿರಿ. ಅಂಗಳದ ಬಿಸಿಲು ತೂತುಗಳಿಂದ ಒಳಗೆ ಬರುತ್ತಿತ್ತು. ನೀವು ಹಿಡಿಯನ್ನು ಮೆಲ್ಲಗೆ ತಿರುಗಿಸಿದರೆ ನಕ್ಷತ್ರಗಳು ಬಲದಿಂದ ಮೇಲೇರಿ ಎಡಕ್ಕೆ ಇಳಿಯುತ್ತಿದ್ದವು. ಗದ್ದಲ ಮಾಡುವುದೇ ಕಸುಬಾಗಿದ್ದ ಮಕ್ಕಳು ಅಲ್ಲಿ ಉಸಿರೆತ್ತುತ್ತಿರಲಿಲ್ಲ. ಒಂದು ಮಧ್ಯಾಹ್ನ ನಾನೂ ಕೂತೆ. ನಿಮಗೆ ನೆನಪಿದೆಯೋ ಇಲ್ಲವೋ — ನನಗೆ ಅದು ಈಗಲೂ ಕನಸಿನಲ್ಲಿ ಬರುತ್ತದೆ. ಮೂರು ಗಂಟೆಯ ಉರಿಬಿಸಿಲು, ಎಲ್ಲೋ ಬಸ್ಸಿನ ಹಾರನ್ನು, ಪೇಟೆ ಕಡೆಯಿಂದ ಒಣಮೀನಿನ ವಾಸನೆ. ಮುಖವನ್ನು ಆ ಕಪ್ಪಿನೊಳಗೆ ಇಟ್ಟೆ ನೋಡಿ, ಬಂಟ್ವಾಳ ಮೆಲ್ಲನೆ ದೂರವಾಯಿತು. ಹಳೆ ಬಟ್ಟೆಯ, ಹೊಳೆನೀರಿನ ವಾಸನೆ ಮಾತ್ರ ಉಳಿಯಿತು. ಏಳು ಜನ ನಿಧಾನಕ್ಕೆ ಏರುತ್ತಿದ್ದರು. ನಾನು ದೋಣಿಯಲ್ಲಿ ಕೂತಿದ್ದೇನೆ, ಯಾರೋ ಹುಟ್ಟು ಹಾಕುತ್ತಿದ್ದಾರೆ, ತಲುಪುವ ಅವಸರ ಯಾರಿಗೂ ಇಲ್ಲ... ಬೆಲ್ಲು ಹೊಡೆದದ್ದು ನನಗೆ ಕೇಳಲೇ ಇಲ್ಲ. "ಏಳು ಸುಶೀಲಾ, ಮಕ್ಕಳು ನಗ್ತಾರೆ" ಎಂದು ನೀವೇ ಭುಜ ಅಲುಗಿಸಿದಿರಿ.

ಅಂಥ ಸುಖವನ್ನು ನನಗೆ ಕೊಟ್ಟವರಿಗೆ ನಾನು ಮಾಡಿದ್ದು ಇದು.

ಹೆಡ್‌ಮಾಸ್ಟರು ನಮ್ಮಿಬ್ಬರನ್ನೂ ಕರೆದು ಹೇಳಿದ್ದು ನೆನಪಿದೆಯಲ್ಲ: ಒಬ್ಬರಿಗೆ ಇಲ್ಲೇ ಖಾಯಂ, ಇನ್ನೊಬ್ಬರು ಮುಂಡಾಜೆಯ ಆಚೆ ಘಾಟಿಯ ಬುಡದ ಏಕೋಪಾಧ್ಯಾಯ ಶಾಲೆಗೆ. ಇನ್ಸ್‌ಪೆಕ್ಟರರ ವರದಿ ಹೇಗೆ ಬರುತ್ತದೋ ಹಾಗೆ. ನೀವು ಹೊರಬಂದು, "ನಿನಗೇ ಆಗಲಿ, ನೀನು ಸಣ್ಣವಳು, ಅಲ್ಲಿ ಒಬ್ಬಳೇ ಹೇಗೆ ಇರ್ತಿ?" ಎಂದಿರಿ. ನಾನು ಬಾಯಿಮಾತಿಗೆ, "ಇಲ್ಲ ಇಲ್ಲ, ನಿಮಗೇ ಆಗಬೇಕು" ಎಂದೆ. ಒಳಗೊಳಗೆ ಲೆಕ್ಕ ಹಾಕುತ್ತಿದ್ದೆ. ನನ್ನ ಸೈನ್ಸ್ ಪಿರಿಯಡ್ಡಿನಲ್ಲಿ ಮಕ್ಕಳು ಆಕಳಿಸುತ್ತಿದ್ದರು, ನಿಮ್ಮ ಕೊಡೆಗೆ ಸಾಲು ನಿಲ್ಲುತ್ತಿದ್ದರು. ಅದನ್ನು ಇನ್ಸ್‌ಪೆಕ್ಟರರು ನೋಡಿದರೆ — ನನಗೆ ಹೊಟ್ಟೆಕಿಚ್ಚಾಗಿತ್ತು ವಾರಿಜಕ್ಕ. ಇದಕ್ಕೆ ಬೇರೆ ಹೆಸರಿಲ್ಲ.

ಅವರು ಬಂದ ದಿನ ಶಾಲೆಗೆ ಹೊಸದಾಗಿ ಬಂದ ಅಚ್ಚಿನ ಆಕಾಶ ನಕ್ಷೆ ಅವರ ಕೈಯಲ್ಲೇ ಇತ್ತು. ನೀವು ಜಗಲಿಯಲ್ಲಿ ಮಕ್ಕಳೊಂದಿಗೆ ಕೊಡೆಯ ಹಿಂದೆ ಇದ್ದಿರಿ. ಅವರು ಅಂಗಳದಿಂದ ಬಂದರು, ಅಂದರೆ ಅವರಿಗೆ ಕಂಡದ್ದು ಕೊಡೆಯ ಹೊರಮೈ. ತೂತು ಮುಚ್ಚಿಕೊಂಡರೆ ಹುಡುಕಲು ಸುಲಭವಾಗಲಿ ಎಂದು ನೀವು ಹಿಂದಿನ ದಿನವಷ್ಟೇ, ಕೊಡೆಯನ್ನು ಮಡಿಲಲ್ಲಿ ಹಾಕಿಕೊಂಡು, ಹೊರಗಿನಿಂದ ಒಂದೊಂದಕ್ಕೂ ಸೀಮೆಸುಣ್ಣದ ಸುತ್ತು ಹಾಕಿದ್ದಿರಿ. ಅವರು ಒಮ್ಮೆ ನಕ್ಷೆ ನೋಡಿದರು, ಒಮ್ಮೆ ಕೊಡೆ ನೋಡಿದರು.

"ಇದೆಂತದು? ಉಲ್ಟಾ ಉಂಟಲ್ಲ. ಸಪ್ತರ್ಷಿಯ ಬಾಲ ಆಚೆ ಕಡೆ ಹೋಗಿದೆ."

ನೀವು ಹಿಡಿಯನ್ನು ಮಕ್ಕಳ ಕೈಗೆ ಕೊಟ್ಟು ಎದ್ದು ಅಂಗಳಕ್ಕೆ ಬಂದಿರಿ. ದೂರ ನಿಂತು, ಇಡೀ ಕೊಡೆಯನ್ನು ಹೊರಗಿನಿಂದ ನೀವು ನೋಡಿದ್ದು ಅದೇ ಮೊದಲು — ಅಲ್ಲಿಯವರೆಗೆ ನೀವು ಯಾವಾಗಲೂ ಒಳಗಿದ್ದವರು. ನಿಮ್ಮ ಮುಖ ಬಾಡಿತು. "ಹೌದಲ್ಲ..." ಎಂದಿರಿ, ನಿಮಗೆ ಮಾತ್ರ ಕೇಳುವ ಹಾಗೆ. ಆಮೇಲೆ ನನ್ನ ಕಡೆ ನೋಡಿದಿರಿ. ಇನ್ಸ್‌ಪೆಕ್ಟರರೂ ನನ್ನ ಕಡೆ ತಿರುಗಿದರು.

"ನೀವು ಸೈನ್ಸ್ ಓದಿದವರಲ್ವಾ ಟೀಚರ್? ನೀವೇ ಹೇಳಿ."

ನನಗೆ ಗೊತ್ತಿತ್ತು. ನಮ್ಮ ಕಾಲೇಜಿನ ಕಪಾಟಿನಲ್ಲಿ ನಕ್ಷತ್ರಗಳನ್ನು ಬರೆದ ಒಂದು ಗೋಳವಿತ್ತು. ಮೇಷ್ಟ್ರು ಅದನ್ನು ಎತ್ತಿ ತೋರಿಸಿ, "ಇದರಲ್ಲಿ ಎಲ್ಲವೂ ಎಡಬಲ ಆಗಿರ್ತದೆ. ಇದು ದೇವರಿಗೆ ಕಾಣುವ ಆಕಾಶ, ಅವನು ಹೊರಗೆ ಇದ್ದಾನೆ. ನಾವು ಒಳಗಿಂದ ನೋಡುವವರು" ಎಂದು ನಗಿಸಿದ್ದರು. ಭೂಮಿಯ ನಕ್ಷೆಯನ್ನು ಮೇಲಿನಿಂದ ನೋಡುತ್ತೇವೆ, ಆಕಾಶದ್ದನ್ನು ಕೆಳಗಿನಿಂದ. ಇಷ್ಟೇ ವಿಷಯ. ಇನ್ಸ್‌ಪೆಕ್ಟರರು ನಾಲ್ಕು ಹೆಜ್ಜೆ ಹತ್ತಿ, ಜಗಲಿಯಲ್ಲಿ ಕುಕ್ಕರಗಾಲಲ್ಲಿ ಕೂತಿದ್ದರೆ ಮುಗಿಯುತ್ತಿತ್ತು. ಗಂಜಿ ಹಾಕಿದ ಬಿಳಿ ಪ್ಯಾಂಟಿನವರು ಕೂರುತ್ತಿರಲಿಲ್ಲ, ಯಾರಾದರೂ ಹೇಳಬೇಕಿತ್ತು. ಆ ಯಾರಾದರೂ ನಾನೇ.

"ಹೌದು ಸರ್, ಉಲ್ಟಾ ಉಂಟು" ಎಂದೆ.

ಸುಳ್ಳಲ್ಲ ನೋಡಿ. ಎಷ್ಟೋ ವರ್ಷ ನಾನು ಇದನ್ನೇ ಹಿಡಿದುಕೊಂಡು ನೇತಾಡಿದೆ — ಸುಳ್ಳು ಹೇಳಲಿಲ್ಲವಲ್ಲ, ಕಂಡದ್ದನ್ನೇ ಹೇಳಿದೆನಲ್ಲ. ಆದರೆ ಆ ಮಾತಿಗೆ ಇನ್ನೆರಡು ಶಬ್ದ ಸೇರಬೇಕಿತ್ತು. ನಾಲಗೆಯ ತುದಿಗೆ ಬಂದಿತ್ತು ಕೂಡ. ನಾನು ಬಾಯಿ ಮುಚ್ಚಿದೆ.

ಓದಿದವಳು ಹೇಳಿದ ಮೇಲೆ ಮುಗಿಯಿತು ಎಂದುಕೊಂಡಿರಿ. ಆ ಸಂಜೆ ದೀಪ ಹಚ್ಚಿ ಕೊಡೆಯನ್ನು ಮಡಿಲಲ್ಲಿ ಹರಡಿ ಕೂತಿರಿ.

"ಸುಶೀಲಾ, ಸೂಜಿಗೆ ಕರಿ ನೂಲು ಹಾಕಿ ಕೊಡು. ನನಗೆ ಸರಿ ಕಾಣುದಿಲ್ಲ" ಎಂದಿರಿ.

ಹಾಕಿಕೊಟ್ಟೆ. ನೂಲು ಮುಗಿದಾಗ ಮತ್ತೆ ಹಾಕಿಕೊಟ್ಟೆ. ನೀವು ಒಂದೊಂದೇ ತೂತನ್ನು ಹೊಲಿದು ಮುಚ್ಚುತ್ತಾ ಹೋದಿರಿ. ನಾನು ಎದುರು ಕೂತು ಮಕ್ಕಳ ಪುಸ್ತಕ ತಿದ್ದಿದೆ, ತಪ್ಪಿಗೆ ಕೆಂಪು ಗೆರೆ ಎಳೆದೆ.

ವರದಿ ಬಂತು. ಈ ಉಪಾಧ್ಯಾಯಿನಿ ಮಕ್ಕಳಿಗೆ ತಪ್ಪು ಕಲಿಸುತ್ತಾರೆ ಎಂದಿತ್ತು. ಮಳೆಗಾಲ ಹಿಡಿಯುವ ಮೊದಲು ನೀವು ಮುಂಡಾಜೆಯ ಬಸ್ಸು ಹತ್ತಿದಿರಿ. ನಾನು ಖಾಯಂ ಆದೆ, ಬಿ.ಎ. ಕಟ್ಟಿ ಪಾಸಾದೆ, ಮೂಡಬಿದ್ರೆಯ ಹೈಸ್ಕೂಲಿಗೆ ಬಂದೆ. ಕೆಲಸದ ಹೆಸರಿನಲ್ಲಿ ನಿಮ್ಮನ್ನು ಮರೆಯಲು ನೋಡಿದೆ.

ಇಲ್ಲಿಗೇ ಮುಗಿದಿದ್ದರೆ ಅದನ್ನು ಪ್ರಾಯದ ಬುದ್ಧಿಗೇಡಿತನ ಎನ್ನಬಹುದಿತ್ತೋ ಏನೋ. ಆದರೆ ಮೂರು ವರ್ಷದ ಹಿಂದೆ ಗುರುವಾಯನಕೆರೆಯಲ್ಲಿ ಬಸ್ಸಿಗೆ ಕಾಯುತ್ತಿದ್ದೆ. ಜಡಿಮಳೆ. "ಸುಶೀಲಾ ಅಲ್ವಾ?" ಎಂದು ಯಾರೋ ನನ್ನ ತಲೆಯ ಮೇಲೆ ಕೊಡೆ ಹಿಡಿದರು. ನೋಡಿದರೆ ನೀವು. ನೋಡಿದರೆ ಅದೇ ಕೊಡೆ. ನಾವಿಬ್ಬರೂ ಮತ್ತೆ ಅದರ ಒಳಗೆ ನಿಂತಿದ್ದೆವು. ಹೊಲಿಗೆ ಹಾಕಿದಲ್ಲೆಲ್ಲ ಸಣ್ಣ ಸಣ್ಣ ಗಂಟು, ಅಲ್ಲಲ್ಲಿ ನೀರು ಜಿನುಗುತ್ತಿತ್ತು.

"ಹೊಲಿದಲ್ಲಿ ಸೋರ್ತದೆ, ನೀನು ಈಚೆ ಬಾ" ಎಂದು ನಕ್ಕಿರಿ. ಆಮೇಲೆ ನಾನು ಕೇಳದೆಯೇ ಹೇಳಿದಿರಿ. "ನೀನು ಅವತ್ತು ಹೇಳಿದ್ದು ಒಳ್ಳೆದೇ ಆಯ್ತು. ಇಲ್ಲದಿದ್ದರೆ ಎಷ್ಟು ಮಕ್ಕಳಿಗೆ ತಪ್ಪು ಕಲಿಸ್ತಿದ್ದೆನೋ. ಆಮೇಲೆ ನಾನು ಆಕಾಶ ನೋಡುದೇ ಬಿಟ್ಟೆ. ನನ್ನ ಕಣ್ಣಿಗೆ ಉಲ್ಟಾ ಕಾಣ್ತದೆ ಅಂತ ಗೊತ್ತಾಯ್ತಲ್ಲ. ಅಪ್ಪನಿಗೂ ಹಾಗೇ ಇದ್ದಿರಬೇಕು. ಪಾಪ, ದೋಣಿಯನ್ನು ಹೇಗೆ ಸರಿ ಮುಟ್ಟಿಸ್ತಿದ್ದರೋ."

ನಾನು ಖಾಯಂ ಕೆಲಸ ಕಿತ್ತುಕೊಂಡೆ ಎಂದಷ್ಟೇ ತಿಳಿದಿದ್ದೆ. ನಿಮ್ಮ ಕಣ್ಣನ್ನೇ ನೀವು ನಂಬದ ಹಾಗೆ ಮಾಡಿದ್ದೆ, ತೀರಿಹೋದ ನಿಮ್ಮ ತಂದೆಯವರ ಕಣ್ಣನ್ನೂ ಬಿಟ್ಟಿರಲಿಲ್ಲ. ಆಗಲೇ ಹೇಳಬೇಕಿತ್ತು. ಬಾಯಿ ತೆರೆದೆ ಕೂಡ — ಮೂಡಬಿದ್ರೆಯ ಬಸ್ಸು ಬಂತು. ನೀವು ಬಾಗಿಲಿನವರೆಗೆ ಕೊಡೆ ಹಿಡಿದಿರಿ, ನನ್ನ ಸೀರೆ ಒದ್ದೆಯಾಗಬಾರದೆಂದು. ನಾನು ಹತ್ತಿ ಕೂತೆ.

ಮೊದಲನೆಯದು ಹೊಟ್ಟೆಕಿಚ್ಚಿನಿಂದ ಆದದ್ದು. ಎರಡನೆಯದು — ಬರೇ ಹೇಡಿತನ. ಯಾವುದು ಹೆಚ್ಚು ಎಂದು ನನಗೆ ತಿಳಿಯದು.

ಇಲಾಖೆಗೆ ಬರೆದಿದ್ದೇನೆ. ಆ ವರದಿ ನನ್ನ ಅರ್ಧ ಮಾತನ್ನು ನಂಬಿ ಬರೆದದ್ದು, ಕೊಡೆಯಲ್ಲಿ ತಪ್ಪಿರಲಿಲ್ಲ ಎಂದು ಸಹಿ ಹಾಕಿದ್ದೇನೆ. ಅದರ ನಕಲು ಇದರೊಟ್ಟಿಗಿದೆ. ಅವರು ನನ್ನನ್ನು ಏನು ಬೇಕಾದರೂ ಮಾಡಲಿ. ಈ ಕಾಗದವನ್ನು ನನಗಿಂತ ಮೊದಲೇ ಅಂಚೆಗೆ ಹಾಕುತ್ತಿದ್ದೇನೆ, ದಾರಿಯಲ್ಲಿ ಮನಸ್ಸು ಬದಲಿಸಿ ಹಿಂದೆ ಬರಲು ಆಗಬಾರದಲ್ಲ. ಭಾನುವಾರದ ಮೊದಲ ಬಸ್ಸಿಗೆ ಬರುತ್ತೇನೆ. ಕ್ಷಮಿಸಿ ಎಂದು ಕೇಳುವುದಿಲ್ಲ.

ಒಂದೇ ಒಂದು ಕೆಲಸ ಮಾಡಿ. ಅಷ್ಟರೊಳಗೆ ಆ ಏಳು ಜನರ ಹೊಲಿಗೆಯನ್ನಾದರೂ ಬಿಚ್ಚಿಡಿ. ಇಲ್ಲವೇ ನಾನು ಬಂದು ಬಿಚ್ಚುತ್ತೇನೆ, ನೂಲು ಹಾಕಿಕೊಟ್ಟ ಕೈ ಇದೇ. ನಿಮ್ಮ ಶಾಲೆಯ ಜಗಲಿಯಲ್ಲಿ ಕೊಡೆಯನ್ನು ಉತ್ತರಕ್ಕೆ ಮಾಡಿ ನೀವು ಒಳಗೆ ಕೂತುಕೊಳ್ಳಿ, ಭಾನುವಾರವಾದರೂ ಮಕ್ಕಳನ್ನೂ ಕರೆಸಿ ಕೂರಿಸಿಕೊಳ್ಳಿ. ನನ್ನನ್ನು ಕರೆಯಬೇಡಿ. ನಾನು ಅಂಗಳದಲ್ಲಿ, ಅವತ್ತು ನಿಂತ ಹಾಗೆಯೇ ನಿಲ್ಲುತ್ತೇನೆ. ಮಕ್ಕಳೆಲ್ಲರಿಗೂ ಕೇಳುವ ಹಾಗೆ ಹೇಳುತ್ತೇನೆ: ಹೌದು, ಉಲ್ಟಾ ಉಂಟು — ಹೊರಗಿಂದ ನೋಡಿದರೆ.