ಲಕ್ಕಪ್ಪ ಕೊಂಡು ಓದಿದ ಪುಸ್ತಕ

ಬಾಳ್ಳುಪೇಟೆಯಲ್ಲಿ ಲಾರಿ ತೂಗುವ ವೇಬ್ರಿಡ್ಜ್ ನೋಡಿಕೊಳ್ಳುತ್ತಿದ್ದ ಲಕ್ಕಪ್ಪ ಕಳೆದ ಗುರುವಾರ ಸಂಜೆ ತೀರಿಕೊಂಡ. ಕೆ. ಹೊಸಕೋಟೆಯಿಂದ ಆಲೂರಿಗೆ ಬರುವ ಬಸ್ಸಿನಲ್ಲಿ ಕಿಟಕಿಗೆ ತಲೆಯಾನಿಸಿ ಕೂತಿದ್ದವನು ಮತ್ತೆ ಏಳಲಿಲ್ಲ. ಹೃದಯಾಘಾತ ಎಂದರು. ಅವನ ಕುರ್ಚಿಯಲ್ಲಿ ಈಗ ಬೇರೆ ಯಾರೋ ಕೂರುತ್ತಿದ್ದಾರೆ.

ಲಕ್ಕಪ್ಪ ಯಾವುದನ್ನೂ ಸುಲಭಕ್ಕೆ ನಂಬಿದವನಲ್ಲ. ಕಾಫಿ ಲಾರಿ ಬಂದು ನಿಂತರೆ, ಡ್ರೈವರ್ ಇಳಿದನೇ, ಕ್ಲೀನರ್ ಮೂಟೆಗಳ ಮೇಲೆ ಮಲಗಿದ್ದಾನೆಯೇ ಎಂದು ಸುತ್ತು ಹಾಕಿ ನೋಡಿಯೇ ತೂಕದ ಚೀಟಿ ಕೊಡುತ್ತಿದ್ದ. ಪುಸ್ತಕಗಳಿಗೂ ಅದೇ ಮರ್ಯಾದೆ. ಸಕಲೇಶಪುರದ ವಾರಪತ್ರಿಕೆಯೊಂದಕ್ಕೆ ವಿಮರ್ಶೆ ಬರೆಯುತ್ತಿದ್ದ. ಕೊಂಡದ್ದು ಇಲ್ಲವೇ ಲೈಬ್ರರಿಯಿಂದ ತಂದದ್ದು ಬಿಟ್ಟು ಬೇರೆ ಪುಸ್ತಕ ಮುಟ್ಟುತ್ತಿರಲಿಲ್ಲ. ಪ್ರಕಾಶಕರು ಪುಕ್ಕಟೆ ಕಳಿಸಿದರೆ, ಯಾಕೆ ಕಳಿಸಿದರೋ ಎನ್ನುತ್ತಿದ್ದ.

ಕೊನೆಯ ಪುಸ್ತಕ ಮಾತ್ರ ಅವನು ಆರಿಸಿಕೊಂಡದ್ದಲ್ಲ. ಕೆ. ಹೊಸಕೋಟೆಯಲ್ಲಿರುವ ಅವನ ಅಕ್ಕ ಚೆಲುವಮ್ಮ ಬಿಪಿ ಮಾತ್ರೆ ನಿಲ್ಲಿಸಿಬಿಟ್ಟಿದ್ದಾಳೆಂದು ಅವಳ ಮಗಳು ತನುಜಾ ಫೋನ್ ಮಾಡಿದಳು. ಮಹಿಳಾ ಸಂಘದ ವಾಟ್ಸಾಪಿನಲ್ಲಿ, ಇಂಗ್ಲಿಷಿನಿಂದ ಕನ್ನಡಕ್ಕೆ ಬಂದ ಪುಸ್ತಕವೊಂದರ ಪಿಡಿಎಫ್ ಹರಿದಾಡಿತ್ತು. ಬೇಕಾದದ್ದು ಆಗಲೇ ಸಿಕ್ಕಿದೆ ಎಂದು ಮನಸಾರೆ ನಂಬಿ ಹಾಗೆಯೇ ನಡೆದುಕೊಂಡರೆ ಅದು ಸಿಕ್ಕೇ ಸಿಗುತ್ತದೆ ಎಂಬುದು ಅದರ ಸಾರ. ಚೆಲುವಮ್ಮನಿಗೆ ಬೇಕಿದ್ದದ್ದು ಆರೋಗ್ಯ. ಅದು ಸಿಕ್ಕಿದ ಮೇಲೆ ಮಾತ್ರೆ ಯಾಕೆ?

ಲಕ್ಕಪ್ಪ ಫೋನಿನಲ್ಲೇ ಬೈದ. ಅಕ್ಕ ಜಗ್ಗಲಿಲ್ಲ.

"ನೀನು ಓದಿದ್ದೀಯೇನೋ? ಓದ್ದೆ ಬೈಯೋದು ಯಾವೂರ ನ್ಯಾಯ ಕಣೋ?"

ಆ ಮಾತು ಅವನಿಗೆ ತಾಗಿತು. ತನುಜಾ ಪಿಡಿಎಫ್ ಕಳಿಸುತ್ತೇನೆಂದರೆ ಬೇಡವೆಂದ.

"ಬರ್ದೋರಿಗೆ, ಕನ್ನಡ ಮಾಡ್ದೋರಿಗೆ ಕಾಸು ಕೊಡ್ದೆ ಓದಿ, ಆಮೇಲೆ ಅವ್ರದ್ದು ಮೋಸ ಅಂತ ಬರೀಲೇನವ್ವಾ? ಅದೂ ಅಲ್ದೆ, ನಿಮ್ ಫೋನಲ್ಲಿರೋದು ಆ ಪುಸ್ತಕಾನೇ ಅಂತ ಯಾರು ಹೇಳ್ದೋರು?"

ಆಲೂರಿನ ಲೈಬ್ರರಿಯಲ್ಲಿ ಅದು ಇರಲಿಲ್ಲ. ರಜೆ ಹಾಕಿ ಹಾಸನಕ್ಕೆ ಹೋಗಿ ಅಂಗಡಿಯಲ್ಲಿ ಕೊಂಡ. ಮನೆಗೆ ಬಂದು, ಫೋನಿನಲ್ಲಿ ತನುಜಾಳಿಂದ ಮೊದಲ ಪುಟಗಳನ್ನು ಓದಿಸುತ್ತಾ ತನ್ನ ಪ್ರತಿಯ ಮೇಲೆ ಬೆರಳಿಟ್ಟು ಹೋದ. ತನುಜಾಳ ಪಿಡಿಎಫ್‌ನಲ್ಲಿ ಅನುವಾದಕಿಯ ಮುನ್ನುಡಿ ಇರಲೇ ಇಲ್ಲ. 'ಇದು ವೈದ್ಯರಿಗೆ ಬದಲಿಯಲ್ಲ, ನಡೆಯುತ್ತಿರುವ ಔಷಧಿಯನ್ನು ಯಾರೂ ಬಿಡಬಾರದು' ಎಂದು ಆಕೆ ಬರೆದಿದ್ದ ಪುಟವನ್ನು ಯಾರೋ ಕಿತ್ತು, ಆ ಜಾಗದಲ್ಲಿ ಯಾವುದೋ ಶಿಬಿರದ ಫೋನ್ ನಂಬರ್ ಹಾಕಿದ್ದರು.

ಹಾಗಂತ ವಿಮರ್ಶೆಯಲ್ಲಿ ಪುಸ್ತಕವನ್ನೇನೂ ಹೊಗಳಲಿಲ್ಲ. ಕನ್ನಡ ಸಲೀಸಾಗಿದೆ ಎಂದ. ಬೇಕಾದದ್ದೇನೆಂದು ದಿನಾ ಬರೆದುಕೊಂಡರೆ ಮನಸ್ಸು ಒಂದು ಕಡೆ ನಿಲ್ಲಬಹುದು, ಅಲ್ಲಿಗೆ ಒಪ್ಪುತ್ತೇನೆ ಎಂದ. ಸಿಕ್ಕವರ ಕಥೆಗಳೇ ತುಂಬಿವೆ, ನಂಬಿಯೂ ಸಿಗದವರು ಎಲ್ಲಿ ಹೋದರು ಎಂದು ಕೇಳಿದ. ಓದಲೇಬೇಕೆಂದರೆ ಕೊಂಡು ಓದಿ, ಇಲ್ಲವೇ ಲೈಬ್ರರಿಗೆ ತರಿಸಿಕೊಳ್ಳಿ, ಮೊಬೈಲಿಗೆ ಬಂದದ್ದರಲ್ಲಿ ಏನನ್ನು ಕಿತ್ತಿದ್ದಾರೋ ತಿಳಿಯದು ಎಂದು ಮುಗಿಸಿದ.

ಆ ಗುರುವಾರ ಪುಸ್ತಕ ಹಿಡಿದು ಅಕ್ಕನ ಮನೆಗೆ ಹೋದ. ಚೆಲುವಮ್ಮ ಕನ್ನಡಕ ಹಾಕಿಕೊಂಡು ಆ ಪುಟವನ್ನು ಓದಿದಳು. ಹಾಳೆ ತಿರುವಿ ಬೆನ್ನು ನೋಡಿದಳು, ಹೊಲಿಗೆ ನೋಡಿದಳು.

"ಇದೊಂದು ಹಾಳೆ ನೀನೇ ಅಚ್ಚಾಕಿಸಿ ಸೇರಿಸ್ಕಂಡು ಬಂದಿಲ್ಲ ತಾನೇ?"

ಲಕ್ಕಪ್ಪ ನಕ್ಕುಬಿಟ್ಟ. ಹಾಸನದ ಅಂಗಡಿಗೆ ಫೋನ್ ಮಾಡಿ, ಅವರ ಬಳಿ ಉಳಿದಿದ್ದ ಪ್ರತಿಯಿಂದ ಅದೇ ಪುಟವನ್ನು ಓದಿಸಿದ. ಕೇಳಿಸಿಕೊಂಡು ಚೆಲುವಮ್ಮ ಒಳಗೆ ಹೋಗಿ ಮಾತ್ರೆ ತಂದು, ಅವನೆದುರೇ ಬಾಯಿಗೆ ಹಾಕಿಕೊಂಡು ನೀರು ಕುಡಿದಳು.

ಬಸ್ಸಿಗೆ ಹೊತ್ತಾಗಿತ್ತು. ಹೊಸಿಲು ದಾಟಿದ್ದವನು ವಾಪಸ್ ಬಂದ.

"ಎಲ್ಲಿ ಅಕ್ಕಾ, ಬಾಯಿ ತೆಗಿ. ನಾಲಿಗೆ ಎತ್ತು."

ಚೆಲುವಮ್ಮ ಬೈಯುತ್ತಲೇ ಬಾಯಿ ತೆಗೆದಳು. ಲಕ್ಕಪ್ಪ ಮೊಬೈಲಿನ ಟಾರ್ಚ್ ಹಾಕಿ, ಬಗ್ಗಿ ನೋಡಿದ.