ಆರ್ಬಿನ್ ನೆಟ್ಟಗೆ ಮಾಡಿದ ಮಟ್ಟು

ಆರ್ಬಿನ್ ಲಿಂಕಸ್‌ನ ಅಪ್ಪ ವೈಲಿ, ಅಮೆರಿಕದ ವರ್ಜೀನಿಯಾ ಬೆಟ್ಟಗಳ ಎಲ್ಕ್ ಹಾಲೋ ಕಣಿವೆಯಲ್ಲಿ ಪಿಟೀಲಿಗೆ ಹೆಸರಾದವನು. ಪಿಟೀಲನ್ನು ಗದ್ದದಡಿ ಇಡದೆ ಎದೆಗೆ ಒತ್ತಿಕೊಂಡು ನುಡಿಸುತ್ತಿದ್ದ. ಅವನೇ ಕಟ್ಟಿದ ‘ಕುಂಟ ಹೇಸರಗತ್ತೆ’ ಎಂಬ ಮಟ್ಟಿನಲ್ಲಿ ಎರಡನೆಯ ಸಾಲಿನ ತುದಿಗೆ ತಾಳದ ಒಂದು ಪೆಟ್ಟು ಹೆಚ್ಚು. ಹೊರಗಿನವರು ಅಲ್ಲಿ ಎಡವುತ್ತಿದ್ದರು. ಕಣಿವೆಯವರು ಕುಣಿಯುವಾಗ ಅವರ ಹೆಜ್ಜೆ ತಪ್ಪುತ್ತಿರಲಿಲ್ಲ.

ಆರ್ಬಿನ್ ಅದನ್ನು ಏಳನೆಯ ವಯಸ್ಸಿಗೇ ಕಲಿತ. ಇಪ್ಪತ್ತೆರಡಕ್ಕೆ, ೧೯೫೧ರಲ್ಲಿ, ಗಾರ್ಲೆಂಡ್ ಶೆಲ್ಟನ್‌ನ ಬ್ಲೂಗ್ರಾಸ್ ಎಂಬ ವೇಗದ ಹಳ್ಳಿಸಂಗೀತದ ತಂಡ ಸೇರಿ ರೇಡಿಯೋದಲ್ಲಿ ನುಡಿಸತೊಡಗಿದ. ಗಾರ್ಲೆಂಡ್ ಬ್ಯಾಂಜೊ ಎಂಬ ತಂತಿವಾದ್ಯ ನುಡಿಸುವವನು, ಅವಸರದ ಮನುಷ್ಯ.

“ಮಟ್ಟೇನೋ ಚೆನ್ನಾಗಿದೆ ಮಾರಾಯ. ಆದ್ರೆ ನಿಮ್ಮಪ್ಪನ ಗತ್ತೆ ಜೊತೆ ನಾವೂ ಕುಂಟ್ಬೇಕಾ? ಆ ಪೆಟ್ಟು ತೆಗ್ದುಬಿಡು.”

ಆರ್ಬಿನ್ ತೆಗೆದ. ತಂಡ ಹಾಗೆಯೇ ನುಡಿಸಿ ಮಾಡಿದ ರೆಕಾರ್ಡು ಬೆಟ್ಟದ ಅಂಗಡಿಗಳಲ್ಲೆಲ್ಲ ಮಾರಾಟವಾಯಿತು. ಈಸ್ಟರ್ ಹಬ್ಬಕ್ಕೆ ಊರಿಗೆ ಬಂದಾಗ ಅಪ್ಪನಿಗೂ ಕೇಳಿಸಿದ. ವೈಲಿ ಕೊನೆಯವರೆಗೂ ತಲೆತಗ್ಗಿಸಿ ಕೇಳಿದ.

“ಚೆನ್ನಾಗ್ ನುಡ್ಸಿದ್ದೀಯ ಮಗಾ. ಯಾರ್ದು ಈ ಮಟ್ಟು?”

ಅಣಕಕ್ಕೆ ಅಂದನೋ ನಿಜವಾಗಿಯೇ ಕೇಳಿದನೋ, ಆರ್ಬಿನ್‌ಗೆ ತಿಳಿಯಲಿಲ್ಲ. ಕೇಳುವ ಧೈರ್ಯವೂ ಬರಲಿಲ್ಲ. ಆ ಚಳಿಗಾಲದಲ್ಲಿ ವೈಲಿ ನ್ಯುಮೋನಿಯಾದಿಂದ ತೀರಿಕೊಂಡ. ತಂಡ ಓಹಿಯೋದಲ್ಲಿತ್ತು. ಹಿಮ ಬಿದ್ದು ದಾರಿ ಕಟ್ಟಿದ್ದರಿಂದ ಮಗನಿಗೆ ಮಣ್ಣಿಗೂ ಬರಲಾಗಲಿಲ್ಲ.

ಹದಿನಾಲ್ಕು ವರ್ಷ ಊರೂರು ಸುತ್ತಿ, ತಂಡ ಒಡೆದ ಮೇಲೆ ಆರ್ಬಿನ್ ಹಿಂದಿರುಗಿ ಕುರ್ಚಿ ಮೇಜಿನ ಕಾರ್ಖಾನೆ ಸೇರಿದ. ಅಪ್ಪ ನುಡಿಸುತ್ತಿದ್ದ ಹಾಗೆ ನುಡಿಸಬೇಕೆಂದು ಕೂತರೆ ಬೆರಳು ರೆಕಾರ್ಡಿನ ದಾರಿಯನ್ನೇ ಹಿಡಿಯುತ್ತಿತ್ತು. ಬಿಟ್ಟ ಪೆಟ್ಟನ್ನು ಬೇಕೆಂದೇ ತುರುಕಿದರೆ ತುರುಕಿದಂತೆಯೇ ಕೇಳಿಸುತ್ತಿತ್ತು.

ಕೊನೆಗೆ ಪಿಟೀಲು ಹಿಡಿದು ಸೋದರತ್ತೆ ಜೆಲ್ಫಿಯ ಮನೆಗೆ ಹೋದ. ವೈಲಿಯ ಪಿಟೀಲಿಗೆ ನಲವತ್ತು ವರ್ಷ ಕುಣಿದವಳು. ಈಗ ಎಂಬತ್ತೊಂದಾಗಿ ಕಿವಿ ಮಂದವಾಗಿತ್ತು. ಜಗಲಿಯಲ್ಲಿ ಕೂತು ಹುರುಳಿಕಾಯಿ ನಾರು ತೆಗೆಯುತ್ತಿದ್ದಳು.

“ಅತ್ತೆ, ಅಪ್ಪನ ಗತ್ತೆ ಮಟ್ಟು ನೆನ್ಪಿದ್ಯಾ? ಒಂಚೂರು ಗುನುಗ್ತೀಯಾ?”

“ನಂಗೆ ಹಾಡಕ್ಕೆ ಯಾವತ್ತು ಬಂದಿತ್ತೋ? ಜೋರಾಗ್ ನುಡ್ಸು. ಆ ಕೋಲು ಕೊಡಿಲ್ಲಿ.”

ಕೋಲೂರಿ ಎದ್ದು ಹಲಗೆ ನೆಲದ ಮೇಲೆ ಹೆಜ್ಜೆ ಹಾಕಿದಳು. ಎರಡನೆಯ ಸಾಲು ಮುಗಿದು ಅವನು ಮುಂದೆ ಹೋದಾಗ ಅವಳ ಹಿಮ್ಮಡಿ ಇನ್ನೊಮ್ಮೆ ಹಲಗೆಗೆ ಬಡಿಯಿತು.

“ಎಲ್ಲಿಗೋ ಓಡ್ತೀಯಾ? ರೈಲೇನಾದ್ರೂ ತಪ್ಪೋಗತ್ತಾ? ವೈಲಿ ಇಲ್ಲಿ ಉಸಿರು ತಗೊಳ್ತಿದ್ದ. ನನ್ ಕಾಲು ನೋಡು.”

ಆರ್ಬಿನ್ ಅವಳ ಬೂಟಿನ ಮೇಲೆ ಕಣ್ಣು ನೆಟ್ಟು ಮತ್ತೆ ಮತ್ತೆ ನುಡಿಸಿದ. ಅವಳು ನಡುನಡುವೆ ಕೂತು ಸುಧಾರಿಸಿಕೊಂಡು ಮತ್ತೆ ಏಳುತ್ತಿದ್ದಳು. ಅಲ್ಲಿ ಪೆಟ್ಟು ಸೇರಿಸುವುದಲ್ಲ, ಕಮಾನನ್ನು ಎಳೆದು ತಡೆಹಿಡಿಯಬೇಕಿತ್ತು. ಅದು ಕೈಗೆ ಬಂದಾಗ ಪಿಟೀಲನ್ನು ಮಡಿಲಲ್ಲಿಟ್ಟುಕೊಂಡು ಅತ್ತುಬಿಟ್ಟ. ಅಪ್ಪ ಸತ್ತ ಸುದ್ದಿ ಬಂದಾಗಲೂ ಅತ್ತಿರಲಿಲ್ಲ. ಅತ್ತೆ ಏದುಸಿರು ಬಿಡುತ್ತಲೇ ಅವನ ತಲೆಯ ಮೇಲೆ ಕೈಯಿಟ್ಟಳು.

ಮರುವರ್ಷ ಅವಳೂ ಹೋದಳು. ಆರ್ಬಿನ್ ಕಾರ್ಖಾನೆಯಲ್ಲೇ ಮುದುಕನಾದ. ಶನಿವಾರದ ಕುಣಿತಗಳಿಗೆ ತಪ್ಪದೆ ನುಡಿಸಿದ. ರೆಕಾರ್ಡು ಕೇಳಿ ಕಲಿತವರು ದೂರದಿಂದ ಹುಡುಕಿಕೊಂಡು ಬಂದರೆ, “ಅದು ನಾನು ಕೆಡ್ಸಿದ್ದು. ನಮ್ಮಪ್ಪನ್ದು ಇದು, ಕೂತ್ಕೊಂಡು ಕೇಳಿ” ಅನ್ನುತ್ತಿದ್ದ. ಕೆಲವರು ಕಲಿತರು. ಹೆಚ್ಚಿನವರಿಗೆ ರೆಕಾರ್ಡಿನದೇ ಹಿಡಿಸಿತ್ತು. ಅವನಿಗೆ ಬೇಸರವಾಗುತ್ತಿತ್ತು, ಆದರೆ ಯಾರನ್ನೂ ಬೈಯಲಿಲ್ಲ.