ಹಡಗಿನ ಹೆಸರಿಗೆ ದೀರ್ಘ ಹಾಕುವ ವಸುಂಧರಾ

ಬೆಳಗಿನ ಆರು ಗಂಟೆ. ಕೋಬೆ ಬಂದರಿನ ಹಿಂದಿನ ಬೀದಿಯಲ್ಲಿ ಇಡೀ ರಾತ್ರಿ ತೆರೆದಿರುವ ಕೊಂಬಿನಿ ಅಂಗಡಿಯೊಂದನ್ನು ಬಿಟ್ಟರೆ ಬೇರೆಲ್ಲೂ ದೀಪವಿಲ್ಲ. ಹಳೆಯ ಮೂರಂತಸ್ತಿನ ಕಟ್ಟಡದ ಎರಡನೆಯ ಮಹಡಿಯಲ್ಲಿ ವಸುಂಧರಾ ಸೆರಗು ಸಿಕ್ಕಿಸಿದಂತೆ ಸ್ವೆಟರಿನ ತೋಳು ಮೇಲೇರಿಸಿ ನೀರು ಚೆಲ್ಲುತ್ತಿದ್ದಾರೆ. ಕೋಣೆಯ ತೇವ ಹೀರುವ ಯಂತ್ರಗಳು ನಾಲ್ಕಿವೆ. ಅವುಗಳ ತೊಟ್ಟಿ ಬೆಳಗಾಗುವಷ್ಟರಲ್ಲಿ ತುಂಬುತ್ತದೆ, ತುಂಬಿದ ಕೂಡಲೇ ಯಂತ್ರ ನಿಲ್ಲುತ್ತದೆ. ನಿಂತರೆ ಕಾಗದಕ್ಕೆ ಕಡಲ ಗಾಳಿ ತಾಗುತ್ತದೆ. ಸಾಮಾನ್ಯ ದಿನಗಳಲ್ಲಿ ಐದು ಲೀಟರ್, ಜೂನ್ ತಿಂಗಳ ಮಳೆಯಲ್ಲಿ ಹನ್ನೊಂದು.

ಕಚೇರಿ ತೆರೆಯುವುದು ಹತ್ತಕ್ಕೆ. ಆರಕ್ಕೇ ಬನ್ನಿ ಎಂದು ಯಾರೂ ಹೇಳಿಲ್ಲ. ಹೇಳಿದ್ದರೆ ಬರುತ್ತಿರಲಿಲ್ಲವೋ ಏನೋ, ಅವರ ಸ್ವಭಾವ ಹಾಗಿದೆ.

ಇದು ಜಪಾನಿನ ಸರಕು ಹಡಗುಗಳ ಕಾಗದಪತ್ರ ಕೂಡಿಟ್ಟ ಜಾಗ. ನಿವೃತ್ತ ನಾವಿಕರ ಪುಟ್ಟ ಸಂಘವೊಂದು ನಡೆಸುತ್ತದೆ. ಒಂದು ಹಡಗಿಗೆ ಒಂದು ಕಾರ್ಡು: ಯಾವಾಗ ಕಟ್ಟಿದ್ದು, ಏನು ಹೊತ್ತದ್ದು, ಎಲ್ಲಿ ಮುಳುಗಿದ್ದು, ಮೇಲೆ ಯಾರ‍್ಯಾರಿದ್ದರು. ಮೈಸೂರಿನ ಕೃಷ್ಣಮೂರ್ತಿಪುರಂನಲ್ಲಿ ಬೆಳೆದು, ಗಂಡ ಅವಿನಾಶ್ ಅವರ ಸಾಫ್ಟ್‌ವೇರ್ ಕೆಲಸದ ನೆಪದಲ್ಲಿ ಹತ್ತೊಂಬತ್ತು ವರ್ಷಗಳ ಹಿಂದೆ ಇಲ್ಲಿಗೆ ಬಂದ ವಸುಂಧರಾ, ಹನ್ನೊಂದು ವರ್ಷಗಳಿಂದ ಆ ಕಾರ್ಡುಗಳನ್ನು ಕಂಪ್ಯೂಟರಿಗೆ ಏರಿಸುತ್ತಿದ್ದಾರೆ. ವಾರಕ್ಕೆ ಆರು ಕಾರ್ಡು ಮುಗಿದರೆ ಒಳ್ಳೆಯ ವಾರ.

ಅವರನ್ನು ಮೊದಲು ಕರೆದದ್ದು ಹತ್ತಿಯ ಸಲುವಾಗಿ. ಶಾಂತಿಯ ಕಾಲದಲ್ಲಿ ಈ ಹಡಗುಗಳು ಬೊಂಬಾಯಿಯಿಂದ ಕೋಬೆಗೆ ಹತ್ತಿ ತರುತ್ತಿದ್ದವು. ಸರಕಿನ ಪಟ್ಟಿಯಲ್ಲಿ ಯಾರಿಗೂ ಓದಲಾಗದ ಒಂದು ಪದವಿತ್ತು. ಇಂಡಿಯಾದವರಾದರೆ ಗೊತ್ತಿರಬಹುದೆಂದು ತೋರಿಸಿದರೆ, ಅದು ಧಾರವಾಡ. ಅಲ್ಲಿಗೆ ಕೆಲಸ ಸಿಕ್ಕಿತು.

ಆಮೇಲೆ ಯುದ್ಧ ಬಂತು. ಸೇನೆ ಸರಕು ಹಡಗುಗಳನ್ನೆಲ್ಲ ವಶಕ್ಕೆ ತೆಗೆದುಕೊಂಡು, ಹತ್ತಿಯ ಮೂಟೆ ಇಡುತ್ತಿದ್ದ ಹೊಟ್ಟೆಯೊಳಗೆ ಮರದ ಅಟ್ಟ ಹೊಡೆದು ಸಿಪಾಯಿಗಳನ್ನು ತುಂಬಿತು. ಕಾವಲಿಗೆ ಯುದ್ಧನೌಕೆ ಸಿಕ್ಕರೆ ಸಿಕ್ಕಿತು, ಇಲ್ಲದಿದ್ದರೆ ಇಲ್ಲ. ಮುಳುಗಿದ್ದು ಎರಡೂವರೆ ಸಾವಿರದ ಆಸುಪಾಸು ಹಡಗು, ಸತ್ತದ್ದು ಅರವತ್ತು ಸಾವಿರ ನಾವಿಕರು. ಲೆಕ್ಕ ಹಾಕಿದರೆ ನೂರಕ್ಕೆ ಇಷ್ಟು ಮಂದಿ ಸೈನಿಕರೂ ಸಾಯಲಿಲ್ಲ. ಉಳಿದ ಕೆಲವೇ ಹಡಗುಗಳು ಯುದ್ಧ ಮುಗಿದ ಮೇಲೆ ದೂರದ ನಾಡುಗಳಲ್ಲಿ ಸಿಕ್ಕಿಬಿದ್ದವರನ್ನು ಮನೆಗೆ ಕರೆತಂದವು. ಹೊಸದಾಗಿ ಕಟ್ಟಿದವು ಅದಿರು ತರಲು ಹೊರಟವು, ನಮ್ಮ ಬಳ್ಳಾರಿ ಸೀಮೆಯದೂ ಅದರಲ್ಲಿತ್ತು. ವಸುಂಧರಾ ಇದನ್ನೆಲ್ಲ ಹೇಳುವಾಗ ದನಿ ಏರಿಸುವುದಿಲ್ಲ, ಅಡುಗೆಮನೆಯ ಡಬ್ಬಿಗಳಲ್ಲಿ ಏನೇನಿದೆ ಎಂದು ಹೇಳಿದ ಹಾಗೆ ಹೇಳುತ್ತಾರೆ.

ಈ ಕೆಲಸದಲ್ಲಿ ಕಾಡುವುದು ಹೆಸರುಗಳು. ಸೋತ ಮೇಲೆ ಎಷ್ಟೋ ದಾಖಲೆ ಸುಟ್ಟುಹೋಗಿತ್ತು. ಹಾಗಾಗಿ ಎಷ್ಟೋ ಕಾರ್ಡುಗಳನ್ನು ತಯಾರಿಸಿದ್ದು ಅಮೆರಿಕದವರ ಪಟ್ಟಿ ನೋಡಿ. ಆ ಪಟ್ಟಿಯಲ್ಲಿರುವುದು ಇಂಗ್ಲಿಷ್ ಅಕ್ಷರ, ಅದರಲ್ಲಿ ಹ್ರಸ್ವಕ್ಕೂ ದೀರ್ಘಕ್ಕೂ ಒಂದೇ 'ಒ'. ಜಪಾನೀ ಭಾಷೆಯಲ್ಲಿ ಅದು ನಡೆಯುವುದಿಲ್ಲ. ಒಬಸಾನ್ ಎಂದರೆ ಅತ್ತೆ, ಚಿಕ್ಕಮ್ಮ. ಒಬಾಸಾನ್ ಎಂದರೆ ಅಜ್ಜಿ. ಬಂದ ಹೊಸತರಲ್ಲಿ ವಸುಂಧರಾ ನಲವತ್ತು ವರ್ಷದ ತರಕಾರಿ ಅಂಗಡಿಯಾಕೆಯನ್ನು ಇಡೀ ವರ್ಷ ಅಜ್ಜಿ ಎಂದೇ ಕರೆದರಂತೆ. ಇಲ್ಲೇ ಹುಟ್ಟಿದ ಮಗಳು ಸಾಹಿತ್ಯ ಈಗಲೂ ಅದನ್ನು ಹೇಳಿ ಜಪಾನೀಯಲ್ಲೇ ನಗುತ್ತಾಳೆ.

ಅದಕ್ಕೇ ವಸುಂಧರಾ ಪ್ರತಿ ಹೆಸರನ್ನೂ ಮೊದಲು ಒಂದು ಚೀಟಿಯ ಮೇಲೆ ಕನ್ನಡದಲ್ಲಿ ಬರೆದುಕೊಳ್ಳುತ್ತಾರೆ. "ಕನ್ನಡದಲ್ಲಿ ಬರೆಯೋವಾಗ ಕೈ ಕೇಳತ್ತೆ, ಇದು ಉದ್ದಾನಾ ಗಿಡ್ಡಾನಾ ಅಂತ. ಇಂಗ್ಲಿಷ್‌ನಲ್ಲಿ ಟೈಪ್ ಮಾಡ್ದಾಗ ಕೈ ಸುಮ್ನಿರತ್ತೆ" ಎನ್ನುತ್ತಾರೆ. ಅವರ ತಾಯಿ ಮೈಸೂರಿನ ಮುದ್ರಣಾಲಯವೊಂದರಲ್ಲಿ ಕರಡು ತಿದ್ದುತ್ತಿದ್ದರು. ಒಂದು ದೀರ್ಘ ಬಿಟ್ಟುಹೋದರೂ ಇಡೀ ಹಾಳೆಯನ್ನು ವಾಪಸು ಕಳಿಸುತ್ತಿದ್ದರಂತೆ.

ಈ ಚೀಟಿಯ ಅಭ್ಯಾಸ ಮೊದಲಿನಿಂದ ಇದ್ದದ್ದಲ್ಲ. ಒಂದು ತಪ್ಪಿನಿಂದ ಬಂದದ್ದು, ಆ ತಪ್ಪು ಅವರದೇ.

ಒಂಬತ್ತು ವರ್ಷಗಳ ಹಿಂದೆ ಓಕುದಾ ತೊಮಿಎ ಎಂಬ ಮುದುಕಿ ಫೋನ್ ಮಾಡಿದರು. ಅಣ್ಣ ಇಸಾಮು ಸರಕು ಹಡಗಿನಲ್ಲಿ ಬಾಯ್ಲರಿಗೆ ಕಲ್ಲಿದ್ದಲು ಹಾಕುತ್ತಿದ್ದ, ಹತ್ತೊಂಬತ್ತಕ್ಕೆ ಸತ್ತ. ಮನೆಗೆ ಬಂದದ್ದು ಬಿಳಿ ಬಟ್ಟೆ ಸುತ್ತಿದ ಪೆಟ್ಟಿಗೆ, ಒಳಗೆ ಅಸ್ಥಿಯ ಬದಲು ಒಂದು ಕಲ್ಲು. ಎಲ್ಲಿ ಸತ್ತನೆಂದು ಯಾರೂ ಹೇಳಲಿಲ್ಲ. ಆಗ ತನಗೆ ಆರು ವರ್ಷ, ಹಡಗಿನ ಹೆಸರೊಂದು ನೆನಪಿದೆ, ಹುಡುಕಿಕೊಡುತ್ತೀರಾ ಎಂದು ಕೇಳಿದರು. ಆಕೆ ಉಚ್ಚರಿಸಿದ್ದು ದೀರ್ಘವೋ ಹ್ರಸ್ವವೋ ವಸುಂಧರಾಗೆ ಈಗ ನೆನಪಿಲ್ಲ. ಟೈಪ್ ಮಾಡಿದ್ದು ಇಂಗ್ಲಿಷಿನಲ್ಲಿ. ಒಂದೇ ಒಂದು ಹಡಗು ಸಿಕ್ಕಿತು: ಸೊಗೆನ್ ಮಾರು (ಇಲ್ಲಿನ ಸರಕು ಹಡಗುಗಳ ಹೆಸರು ಮುಗಿಯುವುದೇ ಮಾರು ಎಂದು), ೧೯೪೪ರ ಜನವರಿ, ಕೀ ಪರ್ಯಾಯ ದ್ವೀಪದ ದಕ್ಷಿಣ ತುದಿಯ ಆಚೆ. ಸಿಬ್ಬಂದಿ ಮೂವತ್ತೆಂಟು. ಪಟ್ಟಿಯಲ್ಲಿ ಓದಲು ಬಂದದ್ದು ಮೂವತ್ತೊಂದು ಹೆಸರು. ಇಸಾಮು ಅಳಿಸಿಹೋದ ಏಳರಲ್ಲಿ ಇರಬೇಕೆಂದು ಎಲ್ಲರೂ ಒಪ್ಪಿದರು.

ಅಂದಿನಿಂದ ಓಕುದಾ ಸಾನ್, ನಮ್ಮ ರೀತಿಯಲ್ಲಿ ಓಕುದಾ ಅವರು, ಪ್ರತಿ ಜನವರಿಯಲ್ಲೂ ನಾಲ್ಕು ಗಂಟೆ ರೈಲಿನಲ್ಲಿ ಕೂತು ಆ ತುದಿಗೆ ಹೋಗಿ ಕಡಲಿಗೆ ಹೂವು ಹಾಕುತ್ತಾರೆ, ಅಣ್ಣನಿಗೆ ಇಷ್ಟವಿದ್ದ ಹೂರಣದ ಬನ್ನು ಇಡುತ್ತಾರೆ. ಕೊನೆಗೂ ಅವನಿಗೊಂದು ಜಾಗ ಸಿಕ್ಕಿತು ಎಂದು ಪ್ರತಿ ವರ್ಷವೂ ವಸುಂಧರಾಗೆ ಅಂಚೆ ಕಾರ್ಡು ಬರೆಯುತ್ತಾರೆ.

ಹೋದ ವರ್ಷ ಅಕ್ಟೋಬರಿನಲ್ಲಿ ಅದೇ ಓಕುದಾ ಸಾನ್ ಒಂದು ಪತ್ರ ಹಿಡಿದು ಬಂದರು. ತಾಯಿಯ ಹಳೆಯ ಕಿಮೋನೊ ಮಡಿಕೆಯಲ್ಲಿ ಸಿಕ್ಕಿತಂತೆ. ಇಸಾಮು ಊರಿನವರೊಬ್ಬರ ಕೈಯಲ್ಲಿ ಕೊಟ್ಟು ಕಳಿಸಿದ್ದು, ಹಾಗಾಗಿ ಸೆನ್ಸಾರಿನ ಕಪ್ಪು ಮಸಿ ಬಿದ್ದಿಲ್ಲ. ತಂಗಿಗೆ ಓದಲು ಬರಲಿ ಎಂದು ಮಕ್ಕಳ ಸರಳ ಅಕ್ಷರದಲ್ಲೇ ಬರೆದಿದ್ದಾನೆ. ಅದನ್ನು ಸಂಗ್ರಹದಲ್ಲಿಡಿ, ನನಗಿನ್ನು ಎಂಬತ್ತೇಳಾಯಿತು ಎಂದು ಕೊಟ್ಟು ಹೋದರು.

ವಸುಂಧರಾ ಓದಿದರು. ಹಡಗಿನ ಹೆಸರಿನಲ್ಲಿ 'ಸೊ' ಆದ ಮೇಲೆ ಇನ್ನೊಂದು ಅಕ್ಷರ, 'ಉ'. ಜಪಾನೀ ಬರಹದಲ್ಲಿ ಅದೇ ದೀರ್ಘದ ಗುರುತು. ಸೊಗೆನ್ ಅಲ್ಲ, ಸೋಗೆನ್. ಹುಲ್ಲುಗಾವಲು ಎಂದು ಅರ್ಥ. ಅದು ಬೇರೆಯೇ ಹಡಗು.

"ಸುಮಿಮಾಸೆನ್, ತಪ್ಪಾಯ್ತು, ಅಂತ ಒಬ್ಳೇ ಹೇಳ್ಕೊಂಡೆ, ಖಾಲಿ ರೂಮಲ್ಲಿ" ಎನ್ನುತ್ತಾರೆ.

ಎರಡು ವಾರ ಹುಡುಕಿದ ಮೇಲೆ, ಇನ್ನೂ ತೆರೆಯದಿದ್ದ ಪೆಟ್ಟಿಗೆಯೊಂದರಲ್ಲಿ ಸೋಗೆನ್ ಮಾರುವಿನ ಕಾರ್ಡು ಸಿಕ್ಕಿತು. ೧೯೪೪ರ ಆಗಸ್ಟ್, ತೈವಾನಿಗೂ ಫಿಲಿಪ್ಪೀನ್ಸಿಗೂ ನಡುವಿನ ಬಾಶಿ ಜಲಸಂಧಿ. ಸಿಬ್ಬಂದಿಯ ಪಟ್ಟಿಯಲ್ಲಿ ಇಸಾಮು ಇದ್ದ, ವಯಸ್ಸು ಹತ್ತೊಂಬತ್ತು, ಕೆಲಸ ಬಾಯ್ಲರಿನದು.

ಸಂಘದ ಮುಖ್ಯಸ್ಥ ಹಾಮಾಸಾಕಿ ಸಾನ್ ನಿವೃತ್ತ ಕ್ಯಾಪ್ಟನ್, ಒಳ್ಳೆಯ ಮನುಷ್ಯ. ಕಾರ್ಡು ತಿದ್ದಿ, ಆದರೆ ಆಕೆಗೆ ಹೇಳುವುದು ಬೇಡ ಎಂದರು. ಒಂಬತ್ತು ವರ್ಷದಿಂದ ಆಕೆಗೆ ಹೋಗಲು ಒಂದು ಜಾಗವಿದೆ, ಬಾಶಿಗೆ ಈ ವಯಸ್ಸಿನಲ್ಲಿ ಹೇಗೆ ಹೋಗುತ್ತಾರೆ, ಕೊಟ್ಟದ್ದನ್ನು ಕಿತ್ತುಕೊಂಡ ಹಾಗಾಗುತ್ತದೆ ಎಂದರು. ಅವರ ಮಾತು ತಪ್ಪೂ ಅಲ್ಲ. ಮನೆಯಲ್ಲಿ ಅವಿನಾಶ್ ಕೂಡ ಹೆಚ್ಚುಕಡಿಮೆ ಅದನ್ನೇ ಹೇಳಿದರು. ವಸುಂಧರಾ ಮೂರು ವಾರ ಸುಮ್ಮನಿದ್ದರು. ತೊಟ್ಟಿಯ ನೀರು ಚೆಲ್ಲಿದರು, ವಾರಕ್ಕೆ ಆರು ಕಾರ್ಡು ಮುಗಿಸಿದರು. ಆಮೇಲೊಂದು ಶನಿವಾರ ಎರಡೂ ಕಾರ್ಡುಗಳ ನಕಲು ಹಿಡಿದು ಓಕುದಾ ಸಾನ್ ಮನೆಗೆ ಹೋಗಿ, ಚಾಪೆಯ ಮೇಲೆ ಮಂಡಿಯೂರಿ, ತಲೆ ನೆಲಕ್ಕೆ ತಾಗುವಷ್ಟು ಬಗ್ಗಿ, ತಪ್ಪು ನನ್ನದು ಎಂದು ಎಲ್ಲವನ್ನೂ ಹೇಳಿದರು.

ಓಕುದಾ ಸಾನ್ ಎರಡೂ ಕಾರ್ಡುಗಳನ್ನು ಪಕ್ಕಪಕ್ಕ ಇಟ್ಟು ನೋಡಿದರು. ಟೀ ಆರಿಹೋಯಿತು. ಕೊನೆಗೆ ಕೇಳಿದ್ದು ಇಷ್ಟು: "ಹಾಗಾದ್ರೆ ಇಷ್ಟು ವರ್ಷ ನಾನು ಹೂವು ಹಾಕಿದ್ದು ಯಾರಿಗೆ, ವಸು ಸಾನ್?"

ವಸುಂಧರಾ ಬಳಿ ಸೊಗೆನ್ ಮಾರುವಿನ ಪಟ್ಟಿಯಿತ್ತು. ಓದಿ ಎಂದರು ಆಕೆ. ವಸುಂಧರಾ ಮೂವತ್ತೊಂದು ಹೆಸರನ್ನೂ ಓದಿದರು. ಇವರ ಕಡೆಯವರು ಯಾರಾದರೂ ಬಂದು ಕೇಳಿದ್ದಾರೆಯೇ ಎಂದರು ಓಕುದಾ ಸಾನ್. ಈ ಹನ್ನೊಂದು ವರ್ಷದಲ್ಲಿ ಯಾರೂ ಬಂದಿಲ್ಲ ಎಂದರು ವಸುಂಧರಾ. "ಹಾಗಾದ್ರೆ ಹೂವು ಅವರಿಗೇ ಇರಲಿ. ಜನವರಿಗೆ ನೀವೂ ಬನ್ನಿ" ಎಂದು ಓಕುದಾ ಸಾನ್ ಎದ್ದು ಬೇರೆ ಟೀ ಮಾಡಲು ಹೋದರು. ಅಡುಗೆಮನೆಯಲ್ಲಿ ನಲ್ಲಿ ಅಗತ್ಯಕ್ಕಿಂತ ಹೆಚ್ಚು ಹೊತ್ತು ಹರಿಯುತ್ತಿತ್ತು.

ಆ ತಪ್ಪು ಗೊತ್ತಾದ ಮೇಲೆ ವಸುಂಧರಾ ತಾವೇ ಏರಿಸಿದ ಸಾವಿರದ ಎಂಟುನೂರ ಎಪ್ಪತ್ತು ಕಾರ್ಡುಗಳನ್ನು ಮತ್ತೆ ಮೊದಲಿನಿಂದ ಚೀಟಿ ಹಿಡಿದು ನೋಡುತ್ತಿದ್ದಾರೆ. ಇದುವರೆಗೆ ಹದಿನಾಲ್ಕು ತಪ್ಪು ಸಿಕ್ಕಿವೆ. ಮುಗಿಯಲು ಎರಡು ವರ್ಷ ಬೇಕು, ಅಷ್ಟು ದಿನ ಈ ಹಳೆಯ ಕಟ್ಟಡ ಕೆಡವದಿದ್ದರೆ ಸಾಕು ಎನ್ನುವುದೊಂದೇ ಅವರ ಬೇಡಿಕೆ. ಸೋಗೆನ್ ಮಾರುವಿನ ಕಾರ್ಡಿನಲ್ಲಿ ಇಂಗ್ಲಿಷ್ ಅಕ್ಷರದ ತಲೆಯ ಮೇಲೆ ದೀರ್ಘ ತೋರಿಸುವ ಕೆಂಪು ಮಸಿಯ ಸಣ್ಣ ಗೆರೆಯಿದೆ. ಪಕ್ಕದಲ್ಲಿ, ಹಾಮಾಸಾಕಿ ಸಾನ್ ನೋಡಿಯೂ ನೋಡದಂತಿರುವ ಕನ್ನಡದ ಒಂದು 'ಸೋ'.

ಈ ಜನವರಿಯಲ್ಲಿ ಇಬ್ಬರೂ ಕೀ ತುದಿಗೆ ಹೋದರು. ವಿಪರೀತ ಗಾಳಿ. ಓಕುದಾ ಸಾನ್ ಮೂವತ್ತೊಂದು ಹೆಸರು ಹೇಳಿ ಹೂವು ಹಾಕಿದರು. ಆಮೇಲೆ ಬಾಶಿ ಯಾವ ಕಡೆ ಎಂದು ಕೇಳಿದರು. ವಸುಂಧರಾ ಫೋನಿನಲ್ಲಿ ದಿಕ್ಕು ನೋಡಿ ನೈಋತ್ಯಕ್ಕೆ ಕೈ ತೋರಿಸಿದರು. ಮುದುಕಿ ಬನ್ನಿನ ಪೊಟ್ಟಣ ಹಿಡಿದುಕೊಂಡೇ ಆ ಕಡೆ ತಿರುಗಿ, ಇದ್ದ ಉಸಿರನ್ನೆಲ್ಲ ಕೂಡಿಸಿ, ನೀಸಾನ್ ಎಂದು ಕೂಗಿದರು. ಅಣ್ಣ ಎಂದು. ಆ 'ಸಾ' ಮುಗಿಯಲೇ ಇಲ್ಲ.

"ಸ್ಕೂಲಲ್ಲಿ ಹ್ರಸ್ವ, ದೀರ್ಘ, ಪ್ಲುತ ಅಂತ ಹೇಳ್ಕೊಟ್ಟಿದ್ರು. ದೂರ ಇರೋರನ್ನ ಕೂಗೋವಾಗ ಪ್ಲುತ ಅಂತ. ಎಕ್ಸಾಮಿಗೆ ಬರ‍್ದಿದ್ದು ಬಿಟ್ರೆ ಅದನ್ನ ಎಲ್ಲೂ ಕೇಳಿರ‍್ಲಿಲ್ಲ" ಎನ್ನುತ್ತಾ ವಸುಂಧರಾ ಖಾಲಿ ತೊಟ್ಟಿಯನ್ನು ಯಂತ್ರಕ್ಕೆ ಸಿಕ್ಕಿಸುತ್ತಾರೆ. "ನಾನು ಹಾಕಿದ್ದು ಒಂದು ದೀರ್ಘ ಅಷ್ಟೇ. ಪ್ಲುತ ಅವ್ರದು."